ಕೇಸು ವಿಚಾರಣೆಗೆ ಮೊದಲೇ ವಜಾ ಆಗುತ್ತಾ? ಪೆನ್ಸಿಲ್ ಹಿಡಿದು ದೂರು ಓದಿ

ಹಾಸನದ ಬಿ.ಎಂ. ರಸ್ತೆಯಲ್ಲಿ, ಒಂದು ಮೆಡಿಕಲ್ ಶಾಪಿನ ಮೇಲಿನ ಮಹಡಿಯಲ್ಲಿ ನನ್ನ ಆಫೀಸಿದೆ. 19 ವರ್ಷದಿಂದ ಇಲ್ಲಿ ಕ್ರಿಮಿನಲ್ ಕೇಸು ನಡೆಸುತ್ತಿದ್ದೇನೆ. ಬೆಳಿಗ್ಗೆ ಬಾಗಿಲು ತೆಗೆಯೋ ಹೊತ್ತಿಗೆ ಮೆಟ್ಟಿಲ ಮೇಲೆ ಯಾರಾದರೂ ಕೂತಿರುತ್ತಾರೆ. ಕೈಯಲ್ಲಿ ಪ್ಲಾಸ್ಟಿಕ್ ಕವರ್, ಅದರೊಳಗೆ ಠಾಣೆಯಿಂದ ಬಂದ ನೋಟಿಸು. ಮೊದಲ ಮಾತು ಹೆಚ್ಚಾಗಿ ಇದೇ: "ಸುಳ್ಳು ಕೇಸು ಮೇಡಂ. ಹೈಕೋರ್ಟಲ್ಲಿ ವಜಾ ಮಾಡಿಸ್ಕೊಡಿ."

ಸುಳ್ಳು ಕೇಸೇ ಇರಬಹುದು. ಆದರೆ ಹೈಕೋರ್ಟು ಮೊದಲು ಕೇಳೋ ಪ್ರಶ್ನೆ ಅದಲ್ಲ. ಸುಳ್ಳೋ ನಿಜವೋ ಅಂತ ತೀರ್ಮಾನ ಮಾಡೋದು ಕೆಳಗಿನ ಕೋರ್ಟು, ಸಾಕ್ಷಿಗಳ ಮಾತು ಕೇಳಿ, ಪಾಟೀಸವಾಲು ಮುಗಿದ ಮೇಲೆ. ಹೈಕೋರ್ಟು ಕೇಳೋದು ಬೇರೆ. ದೂರಿನಲ್ಲಿರೋ ಪ್ರತಿ ಮಾತೂ ನಿಜ ಅಂತಲೇ ಇಟ್ಟುಕೊಳ್ಳೋಣ, ಆಗಲೂ ಇಲ್ಲಿ ಅಪರಾಧ ಇದೆಯಾ? ಈ ವ್ಯತ್ಯಾಸ ತಿಳಿಯದೆ ಬೆಂಗಳೂರಿಗೆ ಹೋಗಿ ದುಡ್ಡೂ ವರ್ಷವೂ ಕಳೆದುಕೊಂಡು ಬಂದವರನ್ನು ತುಂಬ ನೋಡಿದ್ದೇನೆ. ಹೋಗಲೇಬೇಕಾಗಿದ್ದವರು ಹೋಗದೆ ಉಳಿದಿದ್ದನ್ನೂ ನೋಡಿದ್ದೇನೆ. ಅವರಲ್ಲಿ ನನ್ನ ಅಪ್ಪ ಒಬ್ಬರು.

ನಮ್ಮೂರು ಸಕಲೇಶಪುರದ ಕಡೆ. ಅಪ್ಪನಿಗೆ ಎರಡು ಎಕರೆ ಕಾಫಿ ತೋಟ. ನಾನು ಹೈಸ್ಕೂಲಿನಲ್ಲಿದ್ದಾಗ ಪಕ್ಕದ ತೋಟದವರೊಬ್ಬರು ಜಮೀನು ಮಾರೋ ಕರಾರು ಬರೆದರು. ಸಾಕ್ಷಿಗೆ ಅಪ್ಪನನ್ನು ಕರೆದರು. ಅಪ್ಪ ಹೋಗಿ ಸಹಿ ಹಾಕಿ, ಕಾಫಿ ಕುಡಿದು ಬಂದರು. ಆಮೇಲೆ ಗೊತ್ತಾಯಿತು, ಅದೇ ಜಮೀನನ್ನು ಅವರು ಮೊದಲೇ ಬೇರೆಯವರಿಗೆ ಕೊಟ್ಟಿದ್ದರು. ಮುಂಗಡ ಕೊಟ್ಟವರು 420 ಕೇಸು ಹಾಕಿದರು. ಮಾರಿದವರು 1ನೇ ಆರೋಪಿ, ಅವರ ಇಬ್ಬರು ಮಕ್ಕಳು 2 ಮತ್ತು 3, ನನ್ನ ಅಪ್ಪ 4. ಆರು ವರ್ಷ ವಾಯಿದೆಗೆ ಓಡಾಡಿದರು. ಕೊಯ್ಲಿನ ಟೈಮಲ್ಲಿ ಆಳುಗಳನ್ನು ತೋಟದಲ್ಲಿ ಬಿಟ್ಟು ಕೋರ್ಟಿಗೆ ಹೋಗುತ್ತಿದ್ದರು. ಕೊನೆಗೆ ಬಿಡುಗಡೆ ಆಯಿತು. ನಾನು ವಕೀಲೆ ಆದ ಮೇಲೆ ಒಂದು ದಿನ ಆ ಹಳೇ ಫೈಲು ತೆಗೆದು ಓದಿದೆ. ಅಷ್ಟುದ್ದದ ದೂರಿನಲ್ಲಿ ಅಪ್ಪನ ಬಗ್ಗೆ ಇದ್ದದ್ದು ಒಂದೇ ಸಾಲು: 4ನೇ ಆರೋಪಿ ಸದರಿ ಕರಾರಿಗೆ ಸಾಕ್ಷಿ ಹಾಕಿರುತ್ತಾರೆ. ಮೋಸ ಅವರಿಗೆ ಗೊತ್ತಿತ್ತು ಅಂತಿಲ್ಲ. ದುಡ್ಡಿನಲ್ಲಿ ಪಾಲು ತಗೊಂಡರು ಅಂತಿಲ್ಲ. ಆ ಸಾಲು ನೂರಕ್ಕೆ ನೂರು ನಿಜ. ಆದರೆ ಅದು ಅಪರಾಧ ಅಲ್ಲ. ಮೊದಲ ತಿಂಗಳಲ್ಲೇ ಯಾರಾದರೂ ಅದನ್ನು ಸರಿಯಾಗಿ ಓದಿ ಹೈಕೋರ್ಟಿಗೆ ಹೋಗಿ ಅಂದಿದ್ದರೆ ಆ ಆರು ವರ್ಷ ಉಳಿಯುತ್ತಿತ್ತು. ಯಾರೂ ಹೇಳಲಿಲ್ಲ. ಅದಕ್ಕೇ ಇದನ್ನು ಬರೆಯುತ್ತಿದ್ದೇನೆ.

ಅಧಿಕಾರ ಯಾರಿಗಿದೆ

ಎಫ್‌ಐಆರ್ ರದ್ದು ಮಾಡೋ ಅಧಿಕಾರ ಇಲ್ಲಿನ ಮ್ಯಾಜಿಸ್ಟ್ರೇಟ್ ಕೋರ್ಟಿಗೆ ಇಲ್ಲ, ಜಿಲ್ಲಾ ಸೆಷನ್ಸ್ ಕೋರ್ಟಿಗೂ ಇಲ್ಲ. ಅದು ಹೈಕೋರ್ಟಿಗೆ ಇದೆ. ಧಾರವಾಡ, ಕಲಬುರಗಿಯಲ್ಲೂ ಪೀಠಗಳಿವೆ, ಆದರೆ ಹಾಸನ, ಚಿಕ್ಕಮಗಳೂರಿನವರು ಬೆಂಗಳೂರಿಗೇ ಹೋಗಬೇಕು. ವಿಧಾನಸೌಧದ ಎದುರಿನ ಕೆಂಪು ಕಟ್ಟಡ, ಅಠಾರಾ ಕಚೇರಿ. ಹಳೇ ದಂಡ ಪ್ರಕ್ರಿಯಾ ಸಂಹಿತೆಯಲ್ಲಿ ಈ ಅಧಿಕಾರ ಸೆಕ್ಷನ್ 482ರಲ್ಲಿತ್ತು. 2024ರ ಜುಲೈ 1ರಿಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ ಬಂದಿದೆ, ಅದರಲ್ಲಿ ಸೆಕ್ಷನ್ 528. ಮಾತು ಹೆಚ್ಚೂಕಡಿಮೆ ಅದೇ: ಕೋರ್ಟಿನ ಪ್ರಕ್ರಿಯೆ ದುರುಪಯೋಗ ಆಗದಂತೆ ತಡೆಯೋಕೆ, ನ್ಯಾಯ ಕಾಪಾಡೋಕೆ ಹೈಕೋರ್ಟು ಬೇಕಾದ ಆದೇಶ ಮಾಡಬಹುದು. ಸಂವಿಧಾನದ 226ನೇ ವಿಧಿಯ ರಿಟ್ ಕೂಡ ಒಂದು ದಾರಿ. ಸುಪ್ರೀಂ ಕೋರ್ಟಿಗೂ ಅಧಿಕಾರ ಇದೆ, ಆದರೆ ಅಲ್ಲಿಗೆ ಹೋಗೋದು ಸಾಮಾನ್ಯವಾಗಿ ಹೈಕೋರ್ಟಿನ ಆದೇಶ ಆದ ಮೇಲೆ.

ನಂಬರಿನ ವಿಷಯದಲ್ಲಿ ಒಂದು ಎಚ್ಚರಿಕೆ. ಹೊಸ ಸಂಹಿತೆಯಲ್ಲೂ 482 ಅಂತ ಒಂದು ಸೆಕ್ಷನ್ ಇದೆ. ಅದು ನಿರೀಕ್ಷಣಾ ಜಾಮೀನು, ಅಂದರೆ ಬಂಧನಕ್ಕೆ ಮೊದಲೇ ಕೇಳೋ ಜಾಮೀನು. ಅರಕಲಗೂಡು ಕಡೆಯ ಒಬ್ಬರು "482 ಹಾಕ್ಸಿದೀನಿ, ಕೇಸು ಮುಗೀತು" ಅಂತ ನೆಮ್ಮದಿಯಾಗಿದ್ದರು. ಕಾಗದ ನೋಡಿದರೆ ಜಾಮೀನು ಅರ್ಜಿ. ಕೇಸು ಹಾಗೇ ಇತ್ತು. ನಿಮ್ಮ ಪರವಾಗಿ ಹಾಕಿರೋದು ಯಾವ ಅರ್ಜಿ ಅಂತ ಬಾಯಿಬಿಟ್ಟು ಕೇಳಿ. ವಕೀಲರನ್ನು ಕೇಳೋಕೆ ಸಂಕೋಚ ಬೇಡ.

ಪೆನ್ಸಿಲ್ ಕೆಲಸ

ಮೊದಲು ಎಫ್‌ಐಆರ್ ಮತ್ತು ಅದರ ಜೊತೆಗಿರೋ ದೂರಿನ ಪ್ರತಿ ತರಿಸಿಕೊಳ್ಳಿ. ಎಫ್‌ಐಆರನ್ನು 24 ಗಂಟೆಯೊಳಗೆ ಪೊಲೀಸ್ ವೆಬ್‌ಸೈಟಿಗೆ ಹಾಕಬೇಕು ಅಂತ 2016ರಲ್ಲಿ ಸುಪ್ರೀಂ ಕೋರ್ಟು ಹೇಳಿದೆ. ಲೈಂಗಿಕ ಅಪರಾಧದಂಥ ಸೂಕ್ಷ್ಮ ಕೇಸುಗಳನ್ನು ಹಾಕೋದಿಲ್ಲ. ಅಲ್ಲಿ ಸಿಗದಿದ್ದರೆ ಕೋರ್ಟಿನಲ್ಲಿ ನಕಲು ಅರ್ಜಿ ಹಾಕಿ. ಎಫ್‌ಐಆರಿನ ಮೊದಲ ಪುಟದ ಸೆಕ್ಷನ್ ನಂಬರ್ ನೋಡಿ ಹೆದರಬೇಡಿ. ಓದಬೇಕಾದ್ದು ಹಿಂದಿರೋ ದೂರು.

ನಾನು ಬಂದವರ ಕೈಗೆ ಪೆನ್ಸಿಲ್ ಕೊಡುತ್ತೇನೆ. ದೂರಿನಲ್ಲಿ ನಿಮ್ಮ ಹೆಸರು ಬಂದ ಕಡೆಯೆಲ್ಲ ಗೆರೆ ಎಳೆಯಿರಿ. ಪ್ರತಿ ಗೆರೆಯ ಪಕ್ಕ ಬರೆಯಿರಿ: ನಾನು ಏನು ಮಾಡಿದೆ ಅಂತ ಇದೆ, ಯಾವ ದಿನ, ಎಲ್ಲಿ, ಯಾರಿಗೆ. ಆಗ ಎರಡರಲ್ಲಿ ಒಂದು ಕಾಣುತ್ತದೆ. ಇಂಥ ದಿನ ಇಂಥವರಿಗೆ ಹೊಡೆದ, ಇಂಥ ಸುಳ್ಳು ಹೇಳಿ ಇಷ್ಟು ದುಡ್ಡು ತಗೊಂಡ ಅಂತ ಸ್ಪಷ್ಟವಾಗಿ ಇರುತ್ತದೆ. ಇಲ್ಲಾಂದರೆ "ಆರೋಪಿಗಳೆಲ್ಲರೂ ಸೇರಿ" ಅನ್ನೋ ಮಾತು ಬಿಟ್ಟು ನಿಮ್ಮ ಬಗ್ಗೆ ಏನೂ ಇರೋದಿಲ್ಲ. ಆಮೇಲೆ ಸೆಕ್ಷನ್ ತೆಗೆದು ಅದಕ್ಕೆ ಏನೇನು ಬೇಕು ಅಂತ ಪಕ್ಕದಲ್ಲಿ ಇಟ್ಟು ನೋಡಬೇಕು. ಬೇಕಾದ ಒಂದು ಅಂಶ ಪೂರ್ತಿ ಇಲ್ಲ ಅಂದರೆ ಅಲ್ಲೇ ನಿಮ್ಮ ಅರ್ಜಿ ಇದೆ.

ಮಲೆನಾಡಿನ ವ್ಯವಹಾರದಿಂದಲೇ ಹೇಳುತ್ತೇನೆ. ಬೆಳೆಗಾರರೊಬ್ಬರು ವ್ಯಾಪಾರಿಗೆ 50 ಮೂಟೆ ಕಾಫಿ ಮಾರಿದರು. ಅರ್ಧ ದುಡ್ಡು ಬಂತು, ಇನ್ನರ್ಧ ಬರಲಿಲ್ಲ. ಕೋಪಕ್ಕೆ ವಂಚನೆ ಮತ್ತು ನಂಬಿಕೆ ದ್ರೋಹ ಅಂತ ಕೇಸು ಕೊಟ್ಟರು. ಹಳೇ ದಂಡ ಸಂಹಿತೆಯಲ್ಲಿ 420 ಮತ್ತು 406, ಅದರ ಜಾಗಕ್ಕೆ ಬಂದಿರೋ ಭಾರತೀಯ ನ್ಯಾಯ ಸಂಹಿತೆಯಲ್ಲಿ 318 ಮತ್ತು 316. ಇಲ್ಲಿ ಕಾಫಿ ಮಾರಾಟ ಆಗಿದೆ. ಮಾಲು ವ್ಯಾಪಾರಿಯದೇ ಆಯಿತು. ತನ್ನ ಮಾಲಿನ ಬಗ್ಗೆ ನಂಬಿಕೆ ದ್ರೋಹ ಹೇಗೆ ಮಾಡೋಕಾಗುತ್ತೆ? ವಂಚನೆ ಆಗಬೇಕಾದರೆ ಕೊಳ್ಳೋ ದಿನವೇ ದುಡ್ಡು ಕೊಡಬಾರದು ಅನ್ನೋ ಉದ್ದೇಶ ಇತ್ತು ಅಂತ ದೂರಿನಲ್ಲಿ ಕಾಣಬೇಕು. ಅರ್ಧ ದುಡ್ಡು ಕೊಟ್ಟಿದ್ದಾರೆ, ಹಿಂದಿನ ವರ್ಷಗಳಲ್ಲೂ ಸರಿಯಾಗಿ ಕೊಟ್ಟಿದ್ದಾರೆ ಅಂತ ದೂರುದಾರರೇ ಬರೆದಿದ್ದರೆ ಅದು ಬಾಕಿ ವಸೂಲಿ. ಸಿವಿಲ್ ಕೋರ್ಟಿನ ಕೆಲಸ. ಒಂದೇ ವ್ಯವಹಾರದಲ್ಲಿ ವಂಚನೆ, ನಂಬಿಕೆ ದ್ರೋಹ ಎರಡೂ ಒಟ್ಟಿಗೆ ನಿಲ್ಲೋದಿಲ್ಲ ಅಂತ ಸುಪ್ರೀಂ ಕೋರ್ಟು 2024ರಲ್ಲಿ ಡೆಲ್ಲಿ ರೇಸ್ ಕ್ಲಬ್ ಕೇಸಿನಲ್ಲಿ ಬಿಡಿಸಿ ಹೇಳಿದೆ.

ಈಗ ಒಂದೇ ಒಂದು ವಿಷಯ ಬದಲಾಯಿಸಿ. ಬೆಳೆಗಾರರು ಕಾಫಿ ಮಾರಲಿಲ್ಲ. ರೇಟು ಬರಲಿ ಅಂತ ಗೋದಾಮಿನಲ್ಲಿ ಇಟ್ಟರು, ಇಟ್ಟಿದ್ದಕ್ಕೆ ಚೀಟಿ ತಗೊಂಡರು. ಗೋದಾಮಿನವರು ಕೇಳದೆ ಅದನ್ನು ಮಾರಿಕೊಂಡರು. ಇದು ನಂಬಿಕೆ ದ್ರೋಹವೇ. ಮಾಲು ನಂಬಿ ಒಪ್ಪಿಸಿದ್ದು, ಒಡೆತನ ಬೆಳೆಗಾರರದೇ. ಈ ಕೇಸು ವಜಾ ಮಾಡಿಸೋಕೆ ಹೈಕೋರ್ಟಿಗೆ ಹೋದರೆ ಬರಿಗೈಲಿ ಬರಬೇಕಾಗುತ್ತದೆ. ಮೂಟೆ ಅದೇ, ಊರು ಅದೇ. ಮಾರಿದ್ದಾ, ಇಟ್ಟಿದ್ದಾ ಅನ್ನೋ ಒಂದು ಪದದ ಮೇಲೆ ಎಲ್ಲ ನಿಂತಿದೆ. ಅದಕ್ಕೇ ನಾನು ಚೀಟಿ ತನ್ನಿ, ಚೀಟಿ ತನ್ನಿ ಅಂತ ಜನರ ತಲೆ ತಿನ್ನೋದು.

ಶುಂಠಿಯ ಕೇಸುಗಳೂ ಹಾಗೇ. ಬೇಲೂರು ಕಡೆ ಎರಡು ಎಕರೆ ಗುತ್ತಿಗೆಗೆ ತಗೊಂಡು ಶುಂಠಿ ಹಾಕಿದವರು, ಗಡ್ಡೆಗೆ ಕೊಳೆ ಬಂದು ಉಳಿದ ಗುತ್ತಿಗೆ ಹಣ ಕೊಡೋಕಾಗದೆ 420ರಲ್ಲಿ ಸಿಕ್ಕಿಬಿದ್ದರು. ಅವರು ಬಿತ್ತನೆಗೆ, ಗೊಬ್ಬರಕ್ಕೆ ಹಾಕಿದ ದುಡ್ಡಿನ ಲೆಕ್ಕ ನೋಡಿದರೆ ಸಾಕು, ಮೋಸ ಮಾಡೋಕೆ ಬಂದವರಲ್ಲ ಅಂತ ತಿಳಿಯುತ್ತದೆ. ಆದರೆ ಆ ಲೆಕ್ಕ ನಮ್ಮ ಕಾಗದ. ಹೈಕೋರ್ಟು ಮೊದಲು ನೋಡೋದು ದೂರು. ಪುಣ್ಯಕ್ಕೆ, ಬೆಳೆ ಕೊಳೆತಿದ್ದು, ಮೊದಲ ಕಂತು ಬಂದಿದ್ದು ಎಲ್ಲ ಜಮೀನಿನವರೇ ದೂರಿನಲ್ಲಿ ಬರೆದಿದ್ದರು. ಕೇಸು ರದ್ದಾಯಿತು. ಗುತ್ತಿಗೆ ಬಾಕಿ ಮಾತ್ರ ಕೊಡಲೇಬೇಕಾಯಿತು, ಅದು ನ್ಯಾಯವೇ.

ಇನ್ನು ನಮ್ಮ ಕಡೆ ಮುಗಿಯದ ಬೇಲಿ ಜಗಳ. ಸರ್ವೆ ಆಗದ ಹದ್ದು, ಮೆಣಸಿನ ಬಳ್ಳಿ ಹಬ್ಬಿದ ಒಂದು ಸಿಲ್ವರ್ ಮರ, ಅದು ನಂದು ನಿಂದು ಅಂತ. ಬೇಲಿ ಕಿತ್ತರು, ಬೈದರು, ಜೀವ ಬೆದರಿಕೆ ಹಾಕಿದರು ಅಂತ ಎರಡೂ ಕಡೆ ಕೇಸು. ಬರೀ ಹದ್ದಿನ ತಕರಾರು, ಸಿವಿಲ್ ದಾವೆ ಬಾಕಿ ಇದೆ, ಬೈದ ಮಾತು ಏನು ಅಂತಲೂ ಬರೆದಿಲ್ಲ ಅಂದರೆ ರದ್ದಾಗೋ ಅವಕಾಶ ಇದೆ. ಕತ್ತಿ ಏಟು ಬಿದ್ದು ಆಸ್ಪತ್ರೆಯ ಗಾಯದ ಸರ್ಟಿಫಿಕೇಟ್ ಇದ್ದರೆ ಆ ದಾರಿ ಬಿಡಿ. ನೀವು ಹೊಡೆಯಲೇ ಇಲ್ಲ ಅಂದರೂ ಅದನ್ನು ಸಾಬೀತು ಮಾಡಬೇಕಾದ್ದು ವಿಚಾರಣೆಯಲ್ಲಿ.

ದೂರಿನ ಆಚೆಯೂ ನೋಡಬೇಕಾದ್ದು

ಸುಪ್ರೀಂ ಕೋರ್ಟಿನ ಭಜನ್ ಲಾಲ್ ತೀರ್ಪಿನ ಹೆಸರು ಎಲ್ಲ ವಕೀಲರ ಬಾಯಲ್ಲೂ ಕೇಳುತ್ತೀರಿ. 1990ರ ನವೆಂಬರಿನ ತೀರ್ಪು. ಯಾವ ಸಂದರ್ಭದಲ್ಲಿ ರದ್ದು ಮಾಡಬಹುದು ಅಂತ ಏಳು ಉದಾಹರಣೆ ಅದರಲ್ಲಿದೆ. ಜನಕ್ಕೆ ಗೊತ್ತಿಲ್ಲದ ವಿಷಯ ಏನಂದರೆ, ಆ ಕೇಸಿನಲ್ಲಿ ಎಫ್‌ಐಆರ್ ಉಳಿಯಿತು. ಅದನ್ನು ರದ್ದು ಮಾಡಿದ್ದ ಹೈಕೋರ್ಟಿನ ಆದೇಶವನ್ನೇ ಸುಪ್ರೀಂ ಕೋರ್ಟು ತೆಗೆದುಹಾಕಿತು. ತನಿಖೆ ಮಾಡಿದ ಅಧಿಕಾರಿಗೆ ಸರಿಯಾದ ಅಧಿಕಾರ ಇರಲಿಲ್ಲ ಅಂತ ಆ ತನಿಖೆಯನ್ನು ಮಾತ್ರ ರದ್ದು ಮಾಡಿತು. ಈ ಅಧಿಕಾರವನ್ನು ಬಹಳ ಅಪರೂಪಕ್ಕೆ, ಎಚ್ಚರದಿಂದ ಬಳಸಬೇಕು ಅಂತ ಅದೇ ತೀರ್ಪು ಹೇಳುತ್ತದೆ. ಅದನ್ನು ಓದಿದ ಮೇಲೆ ನಾನು ಯಾರಿಗೂ "ಖಂಡಿತ ರದ್ದಾಗುತ್ತೆ" ಅಂತ ಮಾತು ಕೊಟ್ಟಿಲ್ಲ. ಹಾಗೆ ಮಾತು ಕೊಡೋ ವಕೀಲರ ಹತ್ತಿರ ಹೋಗಬೇಡಿ.

ಆ ಏಳರಲ್ಲಿ ಮೊದಲನೇದು ನಮ್ಮ ಪೆನ್ಸಿಲ್ ಪರೀಕ್ಷೆಯೇ. ನಾಲ್ಕನೇದು ನಮ್ಮ ಜಿಲ್ಲೆಯ ಸಣ್ಣ ಜಗಳಗಳಿಗೆ ತುಂಬ ಉಪಯೋಗಕ್ಕೆ ಬರುತ್ತದೆ. ಬೈದಿದ್ದು, ಕೈಯಲ್ಲಿ ಹೊಡೆದಿದ್ದು ಇಂಥವು ಅಸಂಜ್ಞೇಯ ಅಪರಾಧ. ಅಂದರೆ ಮ್ಯಾಜಿಸ್ಟ್ರೇಟರ ಆದೇಶ ಇಲ್ಲದೆ ಪೊಲೀಸರು ತನಿಖೆ ಮಾಡೋ ಹಾಗಿಲ್ಲ. ಹಿಂದೆ ಇದು ಸೆಕ್ಷನ್ 155(2), ಈಗ 174(2). ಠಾಣೆಯವರ ಕೋರಿಕೆ ಪತ್ರದ ಮೂಲೆಯಲ್ಲಿ "ಅನುಮತಿಸಿದೆ" ಅಂತ ಒಂದು ಪದ ಬರೆದು ಸಹಿ ಹಾಕಿದ್ದರೆ ಅದು ಆದೇಶ ಅಲ್ಲ, ಮ್ಯಾಜಿಸ್ಟ್ರೇಟರು ಮನಸ್ಸಿಟ್ಟು ನೋಡಿದ್ದು ಅದರಲ್ಲಿ ಕಾಣಬೇಕು ಅಂತ ನಮ್ಮ ಹೈಕೋರ್ಟು ಮತ್ತೆ ಮತ್ತೆ ಹೇಳಿದೆ. ಹಾಗಾಗಿ ಆ ಕಾಗದದ ದೃಢೀಕೃತ ನಕಲು ಮರೆಯದೆ ತೆಗೆಸಿ. ಆದರೆ ಎಫ್‌ಐಆರಿನಲ್ಲಿ ಒಂದೇ ಒಂದು ಸಂಜ್ಞೇಯ ಸೆಕ್ಷನ್ ಇದ್ದರೂ ಈ ವಾದ ನಡೆಯೋದಿಲ್ಲ, ಇಡೀ ಕೇಸನ್ನು ಸಂಜ್ಞೇಯ ಅಂತಲೇ ನೋಡುತ್ತಾರೆ. ಇನ್ನೊಂದು ವಿಷಯ, ಈ ಕಾರಣಕ್ಕೆ ರದ್ದಾದರೆ ಎದುರಿನವರು ಸರಿಯಾದ ದಾರಿಯಲ್ಲಿ ಮತ್ತೆ ಬರಬಹುದು.

ಕಾನೂನೇ ಅಡ್ಡ ಇರೋ ಕೇಸುಗಳೂ ಉಂಟು. ಮೂರು ವರ್ಷದೊಳಗಿನ ಶಿಕ್ಷೆಯ ಅಪರಾಧಗಳಿಗೆ ಕಾಲಮಿತಿ ಇದೆ: ಬರೀ ದಂಡ ಆದರೆ 6 ತಿಂಗಳು, 1 ವರ್ಷದವರೆಗಿನ ಶಿಕ್ಷೆ ಆದರೆ 1 ವರ್ಷ, 3 ವರ್ಷದವರೆಗಿನದಾದರೆ 3 ವರ್ಷ. ಸರ್ಕಾರಿ ನೌಕರರ ಮೇಲೆ, ಅವರ ಕರ್ತವ್ಯಕ್ಕೆ ಸಂಬಂಧಿಸಿದ ಕೇಸಾದರೆ ಸರ್ಕಾರದ ಪೂರ್ವಾನುಮತಿ ಬೇಕಾಗಬಹುದು. ನೇರ ಕೋರ್ಟಿಗೇ ಕೊಟ್ಟ ಖಾಸಗಿ ದೂರಿನ ಮೂಲಕ, ಅಂದರೆ ನಾವು ಪಿಸಿಆರ್ ಅನ್ನೋದು, ಪೊಲೀಸ್ ತನಿಖೆಗೆ ಆದೇಶ ತಂದಿದ್ದರೆ ದೂರುದಾರರು ಮೊದಲು ಠಾಣೆಗೆ, ಆಮೇಲೆ ಎಸ್‌ಪಿಗೆ ಹೋಗಿದ್ದರಾ, ಅಫಿಡವಿಟ್ ಹಾಕಿದ್ದರಾ ನೋಡಿ. ಹೊಸ ಸಂಹಿತೆಯಲ್ಲಿ ಖಾಸಗಿ ದೂರನ್ನು ಕೋರ್ಟು ವಿಚಾರಣೆಗೆ ಅಂಗೀಕರಿಸೋ ಮೊದಲೇ ಆರೋಪಿಯ ಮಾತು ಕೇಳಬೇಕು. ಅದು ಆಗಿಲ್ಲದಿದ್ದರೆ ಅದೂ ಒಂದು ಗಟ್ಟಿ ಕಾರಣ.

ನಿಮ್ಮ ಕಡೆಯ ದಾಖಲೆ ಹೈಕೋರ್ಟು ನೋಡೋದೇ ಇಲ್ಲ ಅಂತಲ್ಲ. ಎದುರಿನವರೂ ಅಲ್ಲಗಳೆಯೋಕೆ ಆಗದಂಥ ದಾಖಲೆ ಇರಬೇಕು, 2013ರ ರಾಜೀವ್ ಥಾಪರ್ ತೀರ್ಪು ಈ ಅಳತೆ ಕೊಟ್ಟಿದೆ. ರಿಜಿಸ್ಟರ್ ಆದ ಕ್ರಯಪತ್ರ, ಸಿವಿಲ್ ಕೋರ್ಟಿನ ಡಿಕ್ರಿ, ಆ ದಿನ ದೇಶದಲ್ಲೇ ಇರಲಿಲ್ಲ ಅಂತ ತೋರಿಸೋ ಪಾಸ್‌ಪೋರ್ಟ್ ಮುದ್ರೆ ಇಂಥವು. "ನಾನು ಆ ದಿನ ಮನೇಲೇ ಇದ್ದೆ, ನಮ್ಮ ಭಾವ ಸಾಕ್ಷಿ ಹೇಳ್ತಾರೆ" ಅನ್ನೋದು ಅಲ್ಲಿ ನಡೆಯೋದಿಲ್ಲ. ಭಾವನನ್ನು ವಿಚಾರಣೆಗೆ ಕರೆತನ್ನಿ.

ಮನೆ ಕೇಸುಗಳು

ವರದಕ್ಷಿಣೆ ಕಿರುಕುಳದ ಕೇಸಿನಲ್ಲಿ, ಹಳೇ 498ಎ, ಈಗಿನ 85, ಎರಡೂ ಕಡೆಯವರ ಪರವಾಗಿ ನಾನು ಕೆಲಸ ಮಾಡಿದ್ದೇನೆ. ಗಂಡ, ಅತ್ತೆ, ಮಾವನ ಜೊತೆಗೆ ಮುಂಬೈಯಲ್ಲಿ ಸಂಸಾರ ಮಾಡಿಕೊಂಡಿರೋ ನಾದಿನಿ, ಕಾಲೇಜಿಗೆ ಹೋಗೋ ಮೈದುನ ಎಲ್ಲರ ಹೆಸರೂ ಸೇರಿರುತ್ತದೆ. ಅವರ ಬಗ್ಗೆ ದಿನ, ಜಾಗ, ಕೃತ್ಯ ಏನೂ ಇಲ್ಲದೆ "ಇವರೂ ಕುಮ್ಮಕ್ಕು ಕೊಟ್ಟರು" ಅಂತ ಮಾತ್ರ ಇದ್ದರೆ ರದ್ದಾಗುತ್ತದೆ. 2022ರ ಕಹ್‌ಕಶಾನ್ ಕೌಸರ್ ತೀರ್ಪು ಇದನ್ನೇ ಹೇಳಿದೆ. ಗಂಡನ ಮೇಲೆ ನಿರ್ದಿಷ್ಟ ಆರೋಪ ಇದ್ದರೆ ಅದು ಉಳಿಯುತ್ತದೆ.

ಈ ಮಾತನ್ನು ದೂರು ಕೊಡೋ ಹೆಣ್ಣುಮಕ್ಕಳಿಗೂ ಹೇಳುತ್ತೇನೆ. ನಿಮಗೆ ಹೊಡೆದ ದಿನ ಬರೆಯಿರಿ. ಯಾರು, ಯಾವ ಕೋಣೆಯಲ್ಲಿ, ಏನು ಕೇಳಿ ಹೊಡೆದರು ಅಂತ ಬರೆಯಿರಿ. ಏನೂ ಮಾಡದವರ ಹೆಸರು ಸೇರಿಸಬೇಡಿ. ಹತ್ತು ಜನರ ಹೆಸರು ಹಾಕಿದ ದೂರಿನಲ್ಲಿ ಎಂಟು ಜನ ಹೈಕೋರ್ಟಿಂದ ಹೊರಗೆ ಹೋದಾಗ, ಉಳಿದಿಬ್ಬರ ಮೇಲಿನ ನಿಜವಾದ ನೋವೂ ಮಸುಕಾಗುತ್ತದೆ. ಅದು ನನಗೆ ಸಹಿಸೋಕಾಗದ ವಿಷಯ.

ರಾಜಿ ಆದರೆ

ಕೆಲವು ಅಪರಾಧಗಳನ್ನು ಇಲ್ಲಿನ ಕೋರ್ಟಿನಲ್ಲೇ ರಾಜಿ ಮಾಡಿಕೊಳ್ಳಬಹುದು. ಬೈಗುಳ, ಸಣ್ಣ ಹೊಡೆದಾಟ, ಅತಿಕ್ರಮ ಪ್ರವೇಶಕ್ಕೆಲ್ಲ ಬೆಂಗಳೂರಿಗೆ ಹೋಗಬೇಕಾಗಿಲ್ಲ, ಲೋಕ ಅದಾಲತ್ ಸಾಕು. 420ನ್ನೂ ಕೋರ್ಟಿನ ಅನುಮತಿ ಪಡೆದು ಇಲ್ಲೇ ಮುಗಿಸಬಹುದು. ಕಾನೂನು ರಾಜಿಗೆ ಅವಕಾಶ ಕೊಡದ ಸೆಕ್ಷನ್ ಇದ್ದಾಗ ಮಾತ್ರ ಹೈಕೋರ್ಟು. 2012ರ ಗಿಯಾನ್ ಸಿಂಗ್ ತೀರ್ಪಿನ ಪ್ರಕಾರ ವ್ಯವಹಾರದ, ಸಂಸಾರದ, ಖಾಸಗಿ ಸ್ವರೂಪದ ಕೇಸುಗಳನ್ನು ಇಬ್ಬರೂ ಒಪ್ಪಿದರೆ ಹೈಕೋರ್ಟು ರದ್ದು ಮಾಡಬಹುದು. ಕೊಲೆ, ಅತ್ಯಾಚಾರ, ದರೋಡೆಯಂಥವು ಎರಡು ಮನೆಯ ವಿಷಯ ಅಲ್ಲ, ಸಮಾಜದ ವಿಷಯ. ಅವುಗಳಲ್ಲಿ ರಾಜಿ ಪತ್ರಕ್ಕೆ ಬೆಲೆ ಇಲ್ಲ. ವಿದ್ಯಾರ್ಥಿನಿಯ ಮೇಲೆ ಶಿಕ್ಷಕನೊಬ್ಬ ಲೈಂಗಿಕ ದೌರ್ಜನ್ಯ ಮಾಡಿದ ಆರೋಪದ ಪೋಕ್ಸೊ ಕೇಸನ್ನು ರಾಜಸ್ಥಾನದಲ್ಲಿ ರಾಜಿ ಅಂತ ರದ್ದು ಮಾಡಿದ್ದರು. 2024ರಲ್ಲಿ ಸುಪ್ರೀಂ ಕೋರ್ಟು ಆ ರದ್ದತಿಯನ್ನು ತೆಗೆದು ಕೇಸಿಗೆ ಮತ್ತೆ ಜೀವ ಕೊಟ್ಟಿತು.

ಪರಿಶಿಷ್ಟರ ಮೇಲಿನ ದೌರ್ಜನ್ಯ ತಡೆ ಕಾಯ್ದೆಯ ಕೇಸುಗಳಲ್ಲಿ ನಾನು ಇನ್ನೂ ಎಚ್ಚರ. ಊರಿನ ನಾಲ್ಕು ಜನ ಸೇರಿ, ಕೂಲಿ ಕೆಲಸ ಕೊಡೋದಿಲ್ಲ ಅಂತ ಹೆದರಿಸಿ ಸಹಿ ಹಾಕಿಸಿದ ರಾಜಿ ಪತ್ರ ನನ್ನ ಟೇಬಲ್ಲಿಗೂ ಬಂದಿದೆ. ಅದನ್ನು ಹಿಡಿದು ನಾನು ಅರ್ಜಿ ಹಾಕಲಿಲ್ಲ. ಇಂಥ ಕೇಸಿನಲ್ಲಿ ರಾಜಿ ನಿಜವಾಗಿ ಮನಸ್ಸಿಂದ ಆಗಿದೆಯಾ ಅಂತ ಕೋರ್ಟು ವಿಶೇಷವಾಗಿ ನೋಡಬೇಕು ಅಂತ ಸುಪ್ರೀಂ ಕೋರ್ಟು 2021ರಲ್ಲಿ ಹೇಳಿದೆ. ಎದುರಿನವರು ಬಂದು ಸಹಿ ಹಾಕೋ ಮೊದಲು ಅವರ ಜೊತೆ ಒಬ್ಬರೇ ಕೂತು ಮಾತಾಡಿ, ಅವರಿಗೂ ಬೇರೆ ವಕೀಲರನ್ನು ಮಾಡಿಸಿ.

ಯಾವಾಗ ಹೋಗಬೇಕು

ಎಫ್‌ಐಆರ್ ಆದ ತಕ್ಷಣವೋ, ಚಾರ್ಜ್‌ಶೀಟ್ ಬಂದ ಮೇಲೋ? ಎರಡೂ ಹಂತದಲ್ಲಿ ಅರ್ಜಿ ಹಾಕಬಹುದು. ನನ್ನ ಲೆಕ್ಕ ಹೀಗಿದೆ. ಕೊರತೆ ದೂರಿನೊಳಗೇ ಕಾಣುತ್ತಿದ್ದರೆ, ನಮ್ಮ ಅಪ್ಪನ ಕೇಸಿನ ಹಾಗೆ, ಒಂದು ದಿನವೂ ಕಾಯಬೇಡಿ. ನಿಮ್ಮ ವಾದ ಪೊಲೀಸರು ಏನು ಕಲೆಹಾಕುತ್ತಾರೆ ಅನ್ನೋದರ ಮೇಲೆ ನಿಂತಿದ್ದರೆ, ಬ್ಯಾಂಕ್ ಲೆಕ್ಕ, ಫೋನ್ ದಾಖಲೆ, ಸಾಕ್ಷಿಗಳ ಹೇಳಿಕೆ ಇಂಥವು, ಚಾರ್ಜ್‌ಶೀಟಿಗೆ ಕಾಯಿರಿ. ತನಿಖೆ ಶುರುವಾಗೋ ಮೊದಲೇ ಅದನ್ನು ನಿಲ್ಲಿಸಬಾರದು ಅಂತ 2021ರ ನೀಹಾರಿಕಾ ತೀರ್ಪು ಕಟ್ಟುನಿಟ್ಟಾಗಿ ಹೇಳಿದೆ. ಅವಸರಪಟ್ಟು ಒಮ್ಮೆ ಸೋತರೆ ಅದೇ ಕಾರಣ ಇಟ್ಟುಕೊಂಡು ಎರಡನೇ ಸಲ ಹೋಗೋದು ಕಷ್ಟ. ಎಫ್‌ಐಆರ್ ವಿರುದ್ಧದ ಅರ್ಜಿ ಬಾಕಿ ಇರುವಾಗ ಚಾರ್ಜ್‌ಶೀಟ್ ಬಂದರೆ ಅರ್ಜಿ ಸತ್ತುಹೋಗೋದಿಲ್ಲ, ಆದರೆ ಚಾರ್ಜ್‌ಶೀಟನ್ನೂ ಪ್ರಶ್ನಿಸೋ ಹಾಗೆ ತಿದ್ದುಪಡಿ ಮಾಡಿಸಿ.

ಚಾರ್ಜ್‌ಶೀಟ್ ಬಂದ ಮೇಲೆ ಇನ್ನೊಂದು ದಾರಿ ಇದೆ. ಇಲ್ಲೇ, ನಿಮ್ಮ ಕೋರ್ಟಿನಲ್ಲೇ, ಡಿಸ್ಚಾರ್ಜ್ ಅರ್ಜಿ, ಅಂದರೆ ವಿಚಾರಣೆಗೆ ಮೊದಲೇ ನನ್ನನ್ನು ಕೇಸಿನಿಂದ ಕೈಬಿಡಿ ಅಂತ ಕೇಳೋದು. ಪೊಲೀಸ್ ಕೇಸಿನ ವಾರಂಟ್ ವಿಚಾರಣೆಯಲ್ಲಿ, ಅಂದರೆ 2 ವರ್ಷಕ್ಕಿಂತ ಹೆಚ್ಚು ಶಿಕ್ಷೆಯ ಅಪರಾಧಗಳ ವಿಚಾರಣೆಯಲ್ಲಿ, ಚಾರ್ಜ್‌ಶೀಟ್ ಪ್ರತಿ ಕೈಗೆ ಬಂದ 60 ದಿನದೊಳಗೆ ಅದನ್ನು ಹಾಕಬೇಕು ಅಂತ ಹೊಸ ಸಂಹಿತೆ ಹೇಳುತ್ತದೆ. ಖರ್ಚು ಕಡಿಮೆ, ಓಡಾಟ ಕಡಿಮೆ. ಚಾರ್ಜ್‌ಶೀಟಿನಲ್ಲಿ ನಿಮ್ಮ ವಿರುದ್ಧ ಒಂದು ಹೇಳಿಕೆಯೂ ಇಲ್ಲ ಅಂದರೆ ನಾನು ಮೊದಲು ಇದನ್ನೇ ಸೂಚಿಸುತ್ತೇನೆ. ಅಲ್ಲಿ ಆಗದಿದ್ದರೆ ಸೆಷನ್ಸ್ ಕೋರ್ಟಿಗೆ ಇಲ್ಲವೇ ಹೈಕೋರ್ಟಿಗೆ ಹೋಗೋ ಬಾಗಿಲು ತೆರೆದೇ ಇರುತ್ತದೆ.

ಬೆಂಗಳೂರಿಗೆ ಹೊರಡೋ ಮುಂಚೆ

ಎಫ್‌ಐಆರ್, ದೂರು, ಮಹಜರು, ಚಾರ್ಜ್‌ಶೀಟ್ ಬಂದಿದ್ದರೆ ಅದು, ಕೆಳಗಿನ ಕೋರ್ಟಿನ ಆರ್ಡರ್ ಶೀಟು, ಇವುಗಳ ದೃಢೀಕೃತ ನಕಲು ಇಲ್ಲೇ ತೆಗೆಸಿಕೊಳ್ಳಿ. ಕೈಬರಹ ಓದೋಕೆ ಬರದಂತಿದ್ದರೆ ಟೈಪ್ ಮಾಡಿಸಿದ ಪ್ರತಿಯೂ ಬೇಕು. ಆರ್ಡರ್ ಶೀಟು ಸಣ್ಣ ಕಾಗದ ಅಂತ ಬಿಡಬೇಡಿ, ಕೋರ್ಟು ಯಾವ ದಿನ ಏನು ಬರೆದು ಕೇಸು ಅಂಗೀಕರಿಸಿತು ಅನ್ನೋದು ಅದರಲ್ಲಿದೆ. ವಕಾಲತ್ತಿಗೆ ಪ್ರತಿ ಅರ್ಜಿದಾರರ ಸಹಿ ಬೇಕು. ದುಬೈಯಲ್ಲಿರೋ ತಮ್ಮನ ಸಹಿಗೆ ಕಾದು ಎರಡು ತಿಂಗಳು ಕಳೆದವರಿದ್ದಾರೆ, ಊರಲ್ಲಿರೋವರದು ಮೊದಲು ಹಾಕಿ. ಘಟನೆಗಳನ್ನು ತಾರೀಕಿನ ಪ್ರಕಾರ ಒಂದು ಪುಟದಲ್ಲಿ ನೀವೇ ಬರೆದುಕೊಡಿ. ನಿಮ್ಮ ವಿರುದ್ಧ ಹೋಗೋ ವಿಷಯವನ್ನೂ ಅದರಲ್ಲಿ ಬರೆಯಿರಿ. ಮುಚ್ಚಿಟ್ಟಿದ್ದನ್ನು ಎದುರಿನ ವಕೀಲರು ಹೈಕೋರ್ಟಿನಲ್ಲಿ ತೆಗೆದಾಗ ಅರ್ಜಿ ಅಲ್ಲೇ ಬೀಳುತ್ತದೆ.

ಅರ್ಜಿಯಲ್ಲಿ ಎದುರುದಾರರು ಇಬ್ಬರು: ಆ ಠಾಣೆಯ ಮೂಲಕ ರಾಜ್ಯ ಸರ್ಕಾರ, ಇನ್ನೊಬ್ಬರು ದೂರುದಾರರು. ದೂರುದಾರರಿಗೆ ನೋಟಿಸು ಮುಟ್ಟಬೇಕು, ಸರಿಯಾದ ವಿಳಾಸ ಕೊಡಿ. ನೋಟಿಸು ವಾಪಸ್ ಬಂದರೆ ತಿಂಗಳುಗಟ್ಟಲೆ ತಡ.

ವಕೀಲರಿಗೆ ಕೊಡೋಕೆ ದುಡ್ಡಿಲ್ಲ ಅಂದರೆ ಹಾಸನದಲ್ಲಿ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರ ಇದೆ, ಹೈಕೋರ್ಟಿನಲ್ಲೂ ಕಾನೂನು ಸೇವಾ ಸಮಿತಿ ಇದೆ. ಹೆಣ್ಣುಮಕ್ಕಳಿಗೆ, ಪರಿಶಿಷ್ಟ ಜಾತಿ, ಪಂಗಡದವರಿಗೆ ಆದಾಯ ಎಷ್ಟೇ ಇದ್ದರೂ ಉಚಿತ ವಕೀಲರು ಸಿಗುತ್ತಾರೆ. ಸಹಾಯವಾಣಿ 15100.

ಅರ್ಜಿ ಹಾಕಿದ ಮೇಲೆ ಎಲ್ಲರೂ ಮಾಡೋ ತಪ್ಪು ಒಂದಿದೆ. ಹೈಕೋರ್ಟಿನಲ್ಲಿ ನಂಬರ್ ಬಿತ್ತು ಅಂತ ಇಲ್ಲಿನ ವಾಯಿದೆಗೆ ಹೋಗೋದನ್ನು ಬಿಡುತ್ತಾರೆ. ಅರ್ಜಿ ಹಾಕಿದ ಮಾತ್ರಕ್ಕೆ ಕೆಳಗಿನ ಕೋರ್ಟಿನ ಕೇಸು ನಿಲ್ಲೋದಿಲ್ಲ. ಹೈಕೋರ್ಟು ತಡೆಯಾಜ್ಞೆ ಕೊಟ್ಟು, ಅದರ ನಕಲು ಇಲ್ಲಿ ಹಾಜರುಪಡಿಸೋ ತನಕ ಹೋಗುತ್ತಲೇ ಇರಬೇಕು. ಇಲ್ಲಾಂದರೆ ವಾರಂಟ್. ಬಂಧನದ ಭಯ ಇದ್ದರೆ ಅದಕ್ಕೆ ನಿರೀಕ್ಷಣಾ ಜಾಮೀನು ಬೇರೆಯೇ ಹಾಕಬೇಕು, ಅದು ಹಾಸನದ ಸೆಷನ್ಸ್ ಕೋರ್ಟಿನಲ್ಲೇ ಆಗುತ್ತದೆ. ಠಾಣೆಯಿಂದ ವಿಚಾರಣೆಗೆ ನೋಟಿಸು ಬಂದರೆ ಹೋಗಿ, ಹೋಗಿದ್ದಕ್ಕೆ ಸ್ವೀಕೃತಿ ತಗೊಳ್ಳಿ. ತನಿಖೆಗೆ ಸಹಕರಿಸಲಿಲ್ಲ ಅನ್ನೋ ಮಾತು ಹೈಕೋರ್ಟಿನಲ್ಲಿ ನಿಮ್ಮ ವಿರುದ್ಧ ನಿಲ್ಲುತ್ತದೆ.

1977ರಲ್ಲಿ ನಮ್ಮ ರಾಜ್ಯದ್ದೇ ಒಂದು ಕೇಸು, ಮುನಿಸ್ವಾಮಿ ಅನ್ನೋದು, ಸುಪ್ರೀಂ ಕೋರ್ಟಿಗೆ ಹೋಗಿತ್ತು. ಕೋರ್ಟಿನ ಕಲಾಪ ಕಿರುಕುಳದ ಆಯುಧ ಆಗೋಕೆ ಬಿಡಬಾರದು ಅಂತ ಅದರಲ್ಲಿ ಹೇಳಿದ್ದಾರೆ. ಸಾಕ್ಷ್ಯವೇ ಇಲ್ಲದವರ ಮೇಲಿನ ಕೇಸನ್ನು ನಮ್ಮ ಹೈಕೋರ್ಟು ರದ್ದು ಮಾಡಿದ್ದು ಸರಿ ಅಂತ ಎತ್ತಿಹಿಡಿದರು. ಆ ತೀರ್ಪು ಬಂದು ಸುಮಾರು 20 ವರ್ಷ ಆದ ಮೇಲೆ ನನ್ನ ಅಪ್ಪ ಸಾಕ್ಷಿ ಸಹಿಗಾಗಿ ಆರೋಪಿಯಾದರು.

ಕೊನೆಗೆ, ರದ್ದಾದ ಮೇಲಿನ ಕೆಲಸ. ಆದೇಶದ ದೃಢೀಕೃತ ನಕಲು ಮೂರು ತೆಗೆಸಿ. ಒಂದನ್ನು ಕೆಳಗಿನ ಕೋರ್ಟಿಗೆ ಮೆಮೊ ಜೊತೆ ಕೊಡಿ. ಒಂದನ್ನು ಠಾಣೆಗೆ ಕೊಟ್ಟು, ನಿಮ್ಮ ಪ್ರತಿಯ ಮೇಲೆ ಸೀಲು ಹಾಕಿಸಿಕೊಳ್ಳಿ. ಒಂದು ಮನೆಯಲ್ಲಿರಲಿ, ಪಾಸ್‌ಪೋರ್ಟ್ ವೆರಿಫಿಕೇಶನ್‌ಗೆ, ಮಕ್ಕಳ ಕೆಲಸಕ್ಕೆ ಬೇಕಾಗುತ್ತದೆ. ಆದೇಶ ಯಾರ ಹೆಸರಿಗೆ ಇದೆ ಅಂತಲೂ ಓದಿ. ಅರ್ಜಿ ಹಾಕಿದ ಆರೋಪಿಗೆ ಮಾತ್ರ ರದ್ದಾಗಿ, ಅದೇ ಕೇಸಿನ ಉಳಿದವರ ಮೇಲೆ ವಿಚಾರಣೆ ಮುಂದುವರಿಯಬಹುದು. ಆಗ ನಿಮ್ಮ ಅಣ್ಣನೋ ಅತ್ತಿಗೆಯೋ ಇನ್ನೂ ಆರೋಪಿಯಾಗಿದ್ದರೆ, ಅವರ ಮುಂದಿನ ವಾಯಿದೆ ಯಾವತ್ತು ಅಂತ ಅಂದೇ ನೋಡಿಕೊಂಡು ಮನೆಗೆ ಹೋಗಿ.